ಟೆಂಟಿನಲ್ಲಿ ಇಬ್ಬರಿಗೇ ಜಾಗ

ಹಲಸೂರಿನ ಬಸ್ ನಿಲ್ದಾಣದಲ್ಲಿ ಇಬ್ಬರು ಗೆಳತಿಯರ ಮಾತು ಮುನಿಶಾಮಿಯ ಕಿವಿಗೆ ಬಿತ್ತು. ಶಮೀಮ್ ಎಂಬಾಕೆ ಕಾಶ್ಮೀರದ ಬೆಟ್ಟ, ಸರೋವರಗಳನ್ನೆಲ್ಲ ಗೈಡಿನ ಹಿಂದೆ ಸುತ್ತಿ ಬಂದಿದ್ದಳು. ಮಂಡಿನೋವೆಂದು ಊರಲ್ಲೇ ಉಳಿದಿದ್ದ ನಾಗವೇಣಿ ಕುದಿಯುತ್ತಿದ್ದಳು. ತನ್ನ ಬಸ್ಸು ಬಂದರೂ ಮುನಿಶಾಮಿ ಹತ್ತಲಿಲ್ಲ.

“ಫೋಟೋ ಆಮೇಲೆ ನೋಡ್ತೀನಿ. ಟೆಂಟಲ್ಲಿ ನಿನ್ ಜೊತೆ ಯಾರಿದ್ರು?”

“ಗೈಡು ಇಬ್ಬಿಬ್ಬರನ್ನ ಹಾಕ್ತಾನೆ ಕಣೇ. ಪುಷ್ಪಾ ಇದ್ಲು.”

“ಅವಳಾ! ಮೊನ್ನೆ ಮೊನ್ನೆ ನಮ್ ವಾಕಿಂಗಿಗೆ ಸೇರ್ಕೊಂಡೋಳು!”

“ಅರೆ, ಆ ಚಳೀಲಿ ಒಬ್ಳೇ ಮಲ್ಕೊಳ್ಳಕ್ಕಾಗುತ್ತಾ?”

“ರಾತ್ರಿಯೆಲ್ಲಾ ಏನ್ ಮಾತಾಡಿದ್ರಿ?”

“ಕೊಡಚಾದ್ರೀಲಿ ನೀನು ಗೊರಕೆ ಹೊಡೆದಿದ್ದು ಹೇಳ್ದೆ. ಬಿದ್ದು ಬಿದ್ದು ನಕ್ವಿ.”

ನಾಗವೇಣಿ ಮುಖ ತಿರುಗಿಸಿ ನಿಂತಳು.

“ನಮ್ಮಿಬ್ಬರ ವಿಷ್ಯ ಅವಳಿಗ್ಯಾಕೆ ಹೇಳ್ದೆ?”

“ನೀನಿಲ್ದೆ ಬೇಜಾರಾಗಿತ್ತು, ಅದಕ್ಕೇ. ಮುಂದಿನ್ ವರ್ಷ ಹಿಮಾಚಲಕ್ಕೆ ಹೋಗಣ. ಪುಷ್ಪಾನೂ ಬರ್ತಾಳೆ. ಮೂರು ಜನರ ಟೆಂಟು ಕೇಳಿದ್ದೀನಿ.”

“ಮಂಡಿ ಮುರಿದ್ರೂ ಬರ್ತೀನಿ. ಆದ್ರೆ ನಡುವೆ ಮಲಗೋಳು ನಾನು.”

ಬಾಣಸವಾಡಿ ಬಸ್ಸು ಬಂತು. ನಾಗವೇಣಿ ಎಲ್ಲರನ್ನೂ ತಳ್ಳಿಕೊಂಡು ಹತ್ತಿದಳು. ಪಕ್ಕದ ಸೀಟಿನ ಮೇಲೆ ಚೀಲ ಎಸೆದು, ಕಿಟಕಿಯಿಂದ ಕೂಗಿದಳು: “ಬಾರೇ ಬೇಗ, ಯಾರಾದ್ರೂ ಕೂತ್ಬಿಟ್ಟಾರು!”