ಏಳು ನಕ್ಷತ್ರದ ಬಾವುಟ

ಕುವೈತಿನ ಫರ್ವಾನಿಯಾದ ಬಸ್‌ಸ್ಟಾಪಿನಲ್ಲಿ ಬಸ್ಸಿಗೆ ಕಾಯುತ್ತಿದ್ದ ಹರಿಣಾಕ್ಷಿಯ ಕಣ್ಣಿಗೆ, ಕಿವಿಗೆ ಬಿದ್ದದ್ದು ಇಷ್ಟೇ. ಅವಳ ಮುಂದೆ ನಿಂತಿದ್ದ ಸೂಪರ್‌ವೈಸರ್ ಪುರಂದರ, ತನ್ನ ಕೈಕೆಳಗಿನ ರಾನ್ಸನ್‌ನ ಚೀಲದಿಂದ ಒಂದು ಹಸಿರು ಬಟ್ಟೆ ಎಳೆದು ಬಿಡಿಸಿದ.

"ಎಂತ ಮಾರಾಯ ಇದು, ನೇಗಿಲು, ನಕ್ಷತ್ರ? ಯಾವ ಪಾರ್ಟಿಯದ್ದು?"

"ಪಾರ್ಟಿಯದ್ದಲ್ಲ ಪುರಂದರಣ್ಣ, ಐರ್ಲೆಂಡಿನ ಹಳೇ ಬಾವುಟ. ನಮ್ಮ ಐರಿಶ್ ಇಂಜಿನಿಯರ್ ಊರಿಗೆ ಹೋಗುವಾಗ ಕೊಟ್ಟದ್ದು."

"ನೇಗಿಲ ತುದಿಗೆ ಕತ್ತಿ ಯಾಕೆ?"

"ಬ್ರಿಟಿಷರ ಕಾಲದಲ್ಲಿ ಅಲ್ಲಿಯ ಕೂಲಿಯವರು ಹಾರಿಸಿದ್ದಂತೆ. ನೇಗಿಲಿನಿಂದ ನಕ್ಷತ್ರದವರೆಗೆ ಎಲ್ಲ ನಮ್ಮದೇ ಅಂತ."

"ಕೂಲಿಯವರು ಅಂದ್ರೆ ಯೂನಿಯನ್ನಾ? ಇಲ್ಲಿ ಯೂನಿಯನ್ ಅಂದ್ರೆ ಕಂಪನಿಯವರು ಸೀದಾ ಊರಿಗೆ ಕಳಿಸ್ತಾರೆ, ಗೊತ್ತುಂಟಲ್ಲ?"

"ಇರಬಹುದು. ನಾನು ರೂಮಿನ ಕಿಟಕಿಗೆ ಕಟ್ಟಲಿಕ್ಕೆ ತಂದದ್ದು, ಬಿಸಿಲು ಜಾಸ್ತಿ."

ಪುರಂದರ ನಕ್ಷತ್ರಗಳ ಮೇಲೆ ಬೆರಳಿಟ್ಟು ಎಣಿಸಿದ. "ಏಳು. ರೂಮಲ್ಲಿ ನೀವೆಷ್ಟು ಜನ?"

ರಾನ್ಸನ್ ಬಾವುಟವನ್ನು ತೆಗೆದುಕೊಂಡು ಚೀಲಕ್ಕೆ ತುರುಕುತ್ತ, "ಏಳು," ಅಂದ.

ಬಸ್ಸು ಬಂತು. ರಾನ್ಸನ್ ಹತ್ತಿದ. ಪುರಂದರ ಹತ್ತಲಿಲ್ಲ, ಮೊಬೈಲ್ ತೆಗೆದು, ಯಾರದೋ ನಂಬರು ಹುಡುಕುತ್ತ ದೂರ ಸರಿದ.