ಬ್ಯಾಜೊನ ಮನೆಯವಳು

ಡಾಕ್ಟರ ಕೋಣೆಯ ಹೊರಗೆ ಬಿಪಿ ತೋರಿಸಲು ಕೂತಿದ್ದ ಅಸ್ಸುಂತಾಳಿಗೆ ಪಕ್ಕದ ಬೆಂಚಿನ ಮುದುಕನ ಮಾತು ಬೇಡವೆಂದರೂ ಕಿವಿಗೆ ಬೀಳುತ್ತಿತ್ತು. ಅವಳ ಗುಡ್ಡದೂರಿನಲ್ಲಿ ಹೊಸಬರನ್ನು ಕಂಡರೆ ಯಾರೂ ಹೆಸರು ಕೇಳುವುದಿಲ್ಲ, ಯಾರ ಮನೆಯವರು ಎಂದೇ ಕೇಳುವುದು. ಪಕ್ಕದಲ್ಲೇ ಕೂತು ಅವನ ಕೋಟಿನ ಗುಂಡಿ ಸರಿಪಡಿಸುತ್ತಿದ್ದ ಹೆಂಗಸನ್ನು ಮುದುಕನೂ ಹಾಗೇ ಕೇಳಿದ.

“ಯಾರ ಮನೆಯವಳಮ್ಮಾ ನೀನು?”

“ದಿ ಬ್ಯಾಜೊ ಮನೆಯವಳು.”

“ಹಾಗಾದ್ರೆ ನಮ್ಮವಳೇ! ದಿ ಬ್ಯಾಜೊ ಅಂದ್ರೆ ಬ್ಯಾಜೊನವರು ಅಂತ. ಆ ಬ್ಯಾಜೊ ಯಾರು, ಗೊತ್ತಾ?”

“ಹೇಳಪ್ಪಾ.”

“ಪುಲ್ಯಾ ಬಯಲಿಂದ ಕುರಿ ಹೊಡ್ಕೊಂಡು ಬಂದವ್ನು. ಹಳೇ ಮಾತಲ್ಲಿ ಆ ಹೆಸರಿಗೆ ತೊದಲ ಅಂತ ಅರ್ಥವಂತೆ. ಹೆಸರಿಗಷ್ಟೇ! ಅವ್ನು ಕೂಗಿದ್ರೆ ಆಚೆ ಗುಡ್ಡದ ಕುರಿ ತಿರುಗಿ ನೋಡೋವು. ಅವನ ಮಕ್ಕಳ್ನ ಯಾರ ಮನೆಯವರೋ ಅಂದ್ರೆ, ಬ್ಯಾಜೊನವರು ಅನ್ನೋವು. ಅದೇ ಮನೆತನದ ಹೆಸರಾಯ್ತು. ಅವನಿಂದ ಹಿಡಿದು ನನ್ನ ತನಕ ಎಲ್ಲರೂ ನಂಗೆ ಬಾಯಿಪಾಠ.”

“ನೀನಾದ್ಮೇಲೆ ಯಾರು?”

“ನನ್ನ ಮಗಳು ಲೊರೆತಾ. ಇನ್ನೂ ಶಾಲೆಗೆ ಹೋಗ್ತಾಳೆ. ಮಹಾ ತುಂಟಿ.”

“ನಾನೇ ಅಪ್ಪಾ ಲೊರೆತಾ.”

ಮುದುಕ ಗಟ್ಟಿಯಾಗಿ ನಕ್ಕ. “ನೀನಾ? ನಿನ್ನ ತಲೆಯೆಲ್ಲ ನೆರೆತಿದೆಯಲ್ಲಮ್ಮಾ!”

ಅಸ್ಸುಂತಾ ಗೋಡೆ ನೋಡಿದಳು.

ನರ್ಸ್ ಬಾಗಿಲಿಂದ ಕೂಗಿದಳು: “ದಿ ಬ್ಯಾಜೊ!”

“ನಿನ್ನೇ ಕರೀತಿದಾರೆ, ಹೋಗಮ್ಮಾ,” ಎಂದ ಮುದುಕ. “ನಿಮ್ಮಪ್ಪನ್ನೂ ಕರ್ಕೊಂಡು ಹೋಗು. ವಯಸ್ಸಾದವ್ನು, ಪಾಪ, ಒಬ್ಬನ್ನೇ ಬಿಟ್ರೆ ಹೆದರ್ಕೊಳ್ತಾನೆ.”

“ಹೂಂ, ಬಾ,” ಎಂದು ಲೊರೆತಾ ಅವನ ಕೈ ಹಿಡಿದು ಎಬ್ಬಿಸಿದಳು.