ಬಾವುಟದ ನೂಲು ತೆಗೆದವಳಿಗೆ ಸಿಗದ ದಾರಿ

ಒಂದೂರು. ಆ ಊರಿಗೊಬ್ಬ ಶ್ರೀಮಂತ. ಕೆಟ್ಟವನಲ್ಲ, ನೋಡಿ. ಕೆಟ್ಟವನು ಎಂದುಬಿಟ್ಟರೆ ನೀವು ಅವನನ್ನು ದೂರವಿಟ್ಟು ಹಾಯಾಗಿ ಕೂತುಬಿಡುತ್ತೀರಿ. ಪ್ರತಿ ಆಗಸ್ಟ್ ಹದಿನೈದಕ್ಕೆ ಶಾಲೆಗೆ ಹೊಸ ಖಾದಿ ಬಾವುಟ ಅವನದೇ, ಮಕ್ಕಳಿಗೆ ಬೂಂದಿ ಅವನದೇ, ಭಾಷಣವೂ ಅವನದೇ.

ಆ ವರ್ಷವೂ ಬಾವುಟ ಏರಿತು. "ಕೇಸರಿ ಅಂದ್ರ ತ್ಯಾಗ. ಬಿಳಿ ಅಂದ್ರ ಸತ್ಯ, ಶಾಂತಿ. ಹಸಿರು ಅಂದ್ರ ನಮ್ಮ ಭೂಮಿತಾಯಿ. ಮೊದಲ ನಡುವ ಚರಕ ಇತ್ತು, ಸ್ವಾತಂತ್ರ್ಯ ಬರೂ ಮುಂದ ಅಲ್ಲಿ ಅಶೋಕನ ಧರ್ಮಚಕ್ರ ಬಂತು" ಎಂದ. ಒಂದಕ್ಷರ ತಪ್ಪಿಲ್ಲ. ಎಲ್ಲರೂ ಚಪ್ಪಾಳೆ ತಟ್ಟಿದರು.

ಚಪ್ಪಾಳೆ ನಿಂತಾಗ ಗೇಟಿನ ಬಳಿ ಒಬ್ಬ ಹೆಂಗಸು ನಿಂತಿದ್ದಳು. ನೀಲವ್ವ, ಊರ ಹೊರಗಿನ ಕೇರಿಯವಳು. ಅವಳ ತಾಯಿ ಫಕೀರವ್ವ ಅಂದು ಬೆಳಗಿನ ಜಾವ ತೀರಿಕೊಂಡಿದ್ದಳು. ಮೂವತ್ತು ವರ್ಷ ಖಾದಿ ಕೇಂದ್ರದಲ್ಲಿ ಚರಕ ತಿರುಗಿಸಿ ಬಾವುಟದ ಬಟ್ಟೆಗೆ ನೂಲು ತೆಗೆದ ಮುದುಕಿ ಅವಳು.

"ಧಣ್ಯಾರ, ಸುಡುಗಾಡ ದಾರ್ಯಾಗಿನ ಹಳ್ಳ ತುಂಬೇತ್ರಿ. ನಿಮ್ಮ ಹೊಲದ ಬದುವಿನ ಮ್ಯಾಲೆ ಹಾದು ಅವ್ವನ್ನ ಮಣ್ಣಿಗೆ ಒಯ್ತೇವ್ರಿ. ಇದೊಂದ ಸಲ ದಾರಿ ಬಿಡ್ರಿ."

"ಹೆಣ ದಾಟಿದ ಹೊಲ ಮೈಲಿಗಿ ಆಕ್ಕೈತಿ. ಹಳ್ಳ ಇಳದ ಮ್ಯಾಲೆ ಒಯ್ರಿ."

"ಈಗರ ಭೂಮಿತಾಯಿ ಅಂದ್ರೆಲ್ರಿ. ನಮ್ಮವ್ವಗ ಆಕಿ ತಾಯಿ ಅಲ್ಲೇನ್ರಿ?"

ಅವನು ಅವಳಿಗೆ ಬೆನ್ನು ತಿರುಗಿಸಿದ. ಬೂಂದಿ ಹಂಚಲು ಹೋದ.

ಹಳ್ಳ ಇಳಿಯುವವರೆಗೆ ಹೆಣ ಕಾಯುತ್ತದೆಯೇ? ಕೇರಿಯವರು ಎದೆಮಟ್ಟದ ನೀರಿಗೇ ಇಳಿದರು. ನಡುನೀರಿನಲ್ಲಿ ಒಬ್ಬನ ಕಾಲು ಜಾರಿತು, ಚಟ್ಟ ವಾಲಿತು. ಹೆಣವನ್ನು ಹೇಗೋ ಹಿಡಿದುಕೊಂಡರು. ಮೇಲೆ ಹೊದಿಸಿದ್ದ ಬಿಳಿ ಬಟ್ಟೆ ಮಾತ್ರ ಹಳ್ಳದ ಪಾಲಾಯಿತು. ಅಷ್ಟು ವರ್ಷ ನೂಲು ತೆಗೆದವಳು ಮೈಮೇಲೆ ಹೊದಿಕೆಯಿಲ್ಲದೆ, ಒದ್ದೆ ಸೀರೆಯಲ್ಲಿ ಮಣ್ಣಿಗೆ ಹೋದಳು. ನೆನೆದರೆ ಈಗಲೂ ನನಗೆ ಅನ್ನ ಇಳಿಯುವುದಿಲ್ಲ.

ಸಂಜೆ ಶ್ರೀಮಂತ ತಾನೇ ಬಾವುಟ ಇಳಿಸಿದ. ಒಂದು ಅಂಚೂ ನೆಲಕ್ಕೆ ತಾಕದ ಹಾಗೆ ಎರಡೂ ಕೈಯಲ್ಲಿ ಹಿಡಿದು ಮಡಚಿದ. ಬಟ್ಟೆಗೆ ಅಷ್ಟು ಮರ್ಯಾದೆ! ಆ ಬಟ್ಟೆಯ ನೂಲು ತೆಗೆದವಳಿಗೆ?

ಈಗ ನೀವು ಅವನನ್ನು ಬಯ್ಯುತ್ತಿದ್ದೀರಿ, ನಿಮ್ಮ ಮುಖ ನೋಡಿದರೇ ಗೊತ್ತಾಗುತ್ತದೆ. ಸ್ವಲ್ಪ ತಡೆಯಿರಿ. ಅಂದು ವೇದಿಕೆಯ ಮೇಲೆ ಶ್ರೀಮಂತನ ಪಕ್ಕದ ಕುರ್ಚಿಯಲ್ಲಿ ಒಬ್ಬ ಸ್ವಾಮಿ ಕೂತಿದ್ದ. ನೀಲವ್ವನ ಮಾತು ಪೂರ್ತಿ ಕೇಳಿಸಿಕೊಂಡ. ತುಟಿ ಬಿಚ್ಚಲಿಲ್ಲ. ಮಧ್ಯಾಹ್ನ ಶ್ರೀಮಂತನ ಮನೆಯಲ್ಲೇ ಹೋಳಿಗೆ ಉಂಡ. ತ್ಯಾಗದ ಬಣ್ಣ ಅವನ ಮೈಮೇಲಿತ್ತು. ಆ ಕಾವಿ ಇದೇ. ಆ ಸ್ವಾಮಿ ನಾನೇ.

ಮೂರು ಬಣ್ಣದ ಅರ್ಥ ನನಗೆ ಗೊತ್ತಿತ್ತು, ನಿಮಗೂ ಗೊತ್ತಿದೆ. ಗೊತ್ತಿದ್ದು ಏನಾಯಿತು? ನಿಮ್ಮ ಹೊಲದಲ್ಲಿ ಯಾರ ಹೆಣಕ್ಕೆ ದಾರಿಯಿಲ್ಲ? ನಿಮ್ಮ ಬಾವಿಯ ಹತ್ತಿರ ಯಾರು ಕೊಡ ಹಿಡಿದು ದೂರ ನಿಲ್ಲುತ್ತಾರೆ? ನನಗೆ ಹೇಳಬೇಡಿ, ನಿಮಗೆ ನೀವೇ ಹೇಳಿಕೊಳ್ಳಿ. ಯಾರಾದರೂ ಬಂದು ಕೈಮುಗಿಯುವ ಮೊದಲೇ ಬದುವಿನ ಮುಳ್ಳುಬೇಲಿ ತೆಗೆಯಿರಿ. ಹೆಣ ಬಂದರೆ ಯಾರದೆಂದು ಕೇಳಬೇಡಿ, ಹೆಗಲು ಕೊಡಿ.

ಮಠದ ಹೊಲಕ್ಕೂ ಬೇಲಿ ಇದೆ. ನಾಳೆ ಬೆಳಿಗ್ಗೆ ಮೊದಲು ಅದನ್ನೇ ಕೀಳೋಣ. ಕುಡುಗೋಲು ನಾನೇ ತರುತ್ತೇನೆ, ನೀವು ಬನ್ನಿ.